ಗುಂಡಿ

ಸಿಂಧನೂರು ದಾಟಿ ಗಂಗಾವತಿ ರಸ್ತೆಗೆ ಮೂರು ಕಿಲೋಮೀಟರು,
ರೈಸ್‌ಮಿಲ್ಲಿನ ಗೇಟಿಗೆ ಒರಗಿದ ತಗಡಿನ ಕೋಣೆ.
ಒಳಗೆ ನಾನು, ಕತ್ತು ಹೊರಳದ ಒಂದು ಫ್ಯಾನು,
ಹತ್ತೊಂಬತ್ತು ವರ್ಷದ ಕಂಪ್ಯೂಟರು.
ನನಗಿಂತ ಮೂರೇ ವರ್ಷ ಚಿಕ್ಕದು.

ಲಾರಿ ಕಾಟಾ ಹತ್ತುತ್ತದೆ, ಗುಂಡಿ ಒತ್ತುತ್ತೇನೆ,
ಅಂಕಿ ಬರುತ್ತದೆ, ಚೀಟಿ ಹರಿದು ಕೊಡುತ್ತೇನೆ.
ಎರಡು ಸುಗ್ಗಿ ಕಳೆದರೂ
ನನಗೆ ಗೊತ್ತಿದ್ದ ಕಂಪ್ಯೂಟರು ಇಷ್ಟೇ.

ಆ ರಾತ್ರಿ ಎರಡೂವರೆಗೆ ಹುಸೇನಪೀರನ ಹೊಸ ಗಾಡಿ.
ಹನ್ನೆರಡು ಗಾಲಿ, ಹಗ್ಗ ಬಿಗಿದ ಸೋನಾಮಸೂರಿ.
ಪರದೆಯ ಮೇಲೆ:
ಮೈನಸ್ ಮೂವತ್ತೆರಡು ಸಾವಿರದ ಇನ್ನೂರ ತೊಂಬತ್ತಾರು ಕೆ.ಜಿ.

‘ಏನವಾ ಇದು, ಖಾಲಿಗಿಂತಾ ಖಾಲಿ ಅದ ಏನು ನನ್ನ ಗಾಡಿ?
ಈ ಚೀಟಿ ನೋಡಿದ್ರ ಮಾಲಕ್ರು ನನ್ನ ಕಡೆನೇ ಭತ್ತ ಕೇಳ್ತಾರ!’
ಹಿಂದೆ ಆರು ಗಾಡಿಗಳ ಹಾರ್ನು.
ಇಳಿಸಿದೆವು, ಹತ್ತಿಸಿದೆವು.
ಅದೇ ಮೈನಸ್, ಅದೇ ತೊಂಬತ್ತಾರು.

ಗುಂಡಿ ಒತ್ತುವವಳು ಟಾರ್ಚು ಹಿಡಿದು ಗುಂಡಿಗೇ ಇಳಿದೆ.
ಕಾಟಾದ ಕೆಳಗೆ ಹೆಗ್ಗಣದ ನಾತ, ಕೊಳೆತ ಹೊಟ್ಟು,
ಅಷ್ಟೂ ಭಾರ ಹೊತ್ತು
ಕಣ್ಣಿಗೆ ಕಾಣದಷ್ಟೇ ಬಾಗಿದ ಉಕ್ಕಿನ ಗುಂಡುಗಲ್ಲುಗಳು.
ತಂತಿ ಹಿಡಿದು ಹೊರಟೆ. ತಂತಿ ಗೋಡೆ ಏರಿತು,
ಗೋಡೆಯ ಡಬ್ಬಿಯೊಳಗೆ ಹೋಯಿತು.
ಎರಡು ವರ್ಷ ನಾನು ಟವೆಲು ಒಣಹಾಕಿದ ಡಬ್ಬಿ!
ಟವೆಲು ಸರಿಸಿದರೆ ಕೆಂಪು ಅಂಕಿ, ನೆಟ್ಟಗೆ:
33240.

ಹಾಗಾದರೆ ಉಕ್ಕು ಸುಳ್ಳಾಡಿಲ್ಲ, ತಂತಿ ಸುಳ್ಳಾಡಿಲ್ಲ.
ಡಬ್ಬಿಗೂ ಪರದೆಗೂ ನಡುವಿನ ಒಂದು ಮೊಳದಲ್ಲಿ
ಒಂದು ಲಾರಿ ಭತ್ತ ಬಿದ್ದುಹೋಗಿದೆ.

ರದ್ದಿ ಅಂಗಡಿಯಲ್ಲಿ ತೂಕಕ್ಕೆ ಕೊಂಡ, ರಟ್ಟು ಹೋದ ಪುಸ್ತಕ ನನ್ನದು.
ಅದು ಹೇಳುತ್ತಿತ್ತು: ಅಂಕಿ ಇರುವುದು ಕೋಣೆಗಳಲ್ಲಿ,
ಕೋಣೆಗೊಂದು ದೀಪ, ಹತ್ತಿದೆಯೋ ಆರಿದೆಯೋ.
ಈ ಪ್ರೋಗ್ರಾಮು ಬರೆದವನು ತೂಕಕ್ಕೆ ಹದಿನಾರು ಕೋಣೆ ಕೊಟ್ಟಿದ್ದಿರಬೇಕು,
ಎಡತುದಿಯದು ಸಾಲದ ಕೋಣೆ,
ಅಲ್ಲಿ ದೀಪ ಹತ್ತಿದರೆ ಮೈನಸ್.
ಮೂರು ಸಲ ಓದಿದೆ. ಓದಿದ್ದು ತಲೆಗೆ ಹತ್ತಲಿಲ್ಲ.

ಹುಸೇನಪೀರ ಚಹದ ಲೋಟ ಕಿಟಕಿಯಲ್ಲಿಟ್ಟ.
‘ನನ್ನ ಹಳೇ ಗಾಡಿ ಮೀಟರು ಒಂಬತ್ತೇ ಒಂಬತ್ತು ಆಗಿ
ಮರುಗಳಿಗೆ ಎಲ್ಲಾ ಸೊನ್ನಿ ಆತು.
ಗಾಡಿ ಹೊಸದಾತೇನು?
ಮೀಟರಿನ್ಯಾಗ ಜಾಗ ಇದ್ದಿಲ್ಲ, ಅಷ್ಟ.’

ಅಷ್ಟ.

ಬರೆದವನ ಮೇಲೆ ಸಿಟ್ಟು ಬರಲಿಲ್ಲ.
ಅವನ ಕಾಲಕ್ಕೆ ಹತ್ತು ಗಾಲಿಯದೇ ದೊಡ್ಡ ಲಾರಿ,
ರಸ್ತೆ ನೋಡಿ ಎರಡು ಬೈಟು ಸಾಕೆಂದ.
ಅವನ ಕಂಪನಿ ಹುಬ್ಬಳ್ಳಿಯಲ್ಲಿತ್ತಂತೆ, ಈಗ ಅಲ್ಲಿ ಫೋಟೋ ಸ್ಟುಡಿಯೋ.
ಮೂಲ ಬರಹ ಯಾರ ಬಳಿಯೂ ಇಲ್ಲ.
ಮಾಲೀಕ ವೆಂಕಟರತ್ನಂ ಕೇಳಿದ: ‘ಹೊಸದು ಎಷ್ಟಾಗ್ತದ?’
ಹೇಳಿದೆ.
‘ಪೆನ್ನಿಲೆ ಕೂಡಿಸು’ ಅಂದ.

ಈಗ ಮೈನಸ್ ಬಂದಾಗೆಲ್ಲ ಚೀಟಿಯ ಅಂಚಿಗೆ
ಅರವತ್ತೈದು ಸಾವಿರದ ಐನೂರ ಮೂವತ್ತಾರು ಕೂಡಿಸುತ್ತೇನೆ.
ಅಮ್ಮನ ಫೋನ್ ನಂಬರಿಗಿಂತ ಚೆನ್ನಾಗಿ ಬಾಯಿಗೆ ಬಂದಿದೆ.
ಗಾಡಿ ಇಲ್ಲದ ಹೊತ್ತಲ್ಲಿ ಪುಸ್ತಕ.
ನಾನು ಒತ್ತಿದ ಗುಂಡಿ ಯಾರನ್ನು ಎಬ್ಬಿಸುತ್ತದೆ,
ಅವನು ಕೈಕೆಲಸ ಬಿಟ್ಟು ಎಲ್ಲಿ ಗುರುತಿಟ್ಟು ಬರುತ್ತಾನೆ,
ಪ್ರೋಗ್ರಾಮಿನ ಕೆಳಗೆ ಇನ್ನೊಂದು ಪ್ರೋಗ್ರಾಮು, ಅದರ ಕೆಳಗೆ ಮತ್ತೊಂದು.
ಇಳಿದಷ್ಟೂ ಗುಂಡಿ.
ಕೆಲವು ಪುಟ ಹೆಗ್ಗಣ ತಿಂದಿವೆ,
ಅಲ್ಲಿ ಏನಿತ್ತೆಂದು ನಾನೇ ಊಹಿಸಬೇಕು.

ಇವತ್ತು ಬೆಳಗಿನ ಜಾವ ಕಾಟಾ ಖಾಲಿ,
ಪರದೆಯಲ್ಲಿ ಮಾತ್ರ 20.
ಹೊರಗೆ ಬಗ್ಗಿ ನೋಡಿದೆ.
ಹಗಲಿನ ಬಿಸಿ ಉಳಿದ ಉಕ್ಕಿನ ನಡುವೆ
ಒಂದು ಕಂದು ನಾಯಿ, ಮೂತಿ ಬಾಲಕ್ಕೆ ತಾಗಿಸಿ.
ಬೆರಳಲ್ಲಿ ಎಣಿಸಿದೆ: ಹದಿನಾರೂ, ನಾಲ್ಕೂ.
ಹದಿನಾರು ಕೋಣೆಗಳಲ್ಲಿ ಎರಡಕ್ಕಷ್ಟೇ ದೀಪ.
ಸೊನ್ನೆ ಮಾಡುವ ಗುಂಡಿ ಒತ್ತಲಿಲ್ಲ.